ಕೆಳಗಿನವನು

ಅಜ್ಜಿ ಅವನನ್ನು ಕೊನೆಯವರೆಗೂ ಹೆಸರು ಹಿಡಿದು ಕರೆಯಲಿಲ್ಲ. 'ಕೆಳಗಿನವನು' ಅನ್ನುತ್ತಿದ್ದಳು. ಟೊರೊಂಟೋ ವಿಮಾನ ನಿಲ್ದಾಣದ ಪಕ್ಕದ ಮಾಲ್ಟನ್ನಿನ ನಮ್ಮ ಮನೆಯ ಬೇಸ್‌ಮೆಂಟಿಗೆ ಅವನು ಬಾಡಿಗೆಗೆ ಬಂದಾಗ ಆ ಮಾತು ಸರಿಯಾಗಿಯೇ ಇತ್ತು. ಆಮೇಲೆ ಅವನು ಅಮ್ಮನನ್ನು ಮದುವೆಯಾಗಿ ಮಹಡಿಯ ಕೋಣೆಗೆ ಬಂದ. ಅಜ್ಜಿಯ ಬಾಯಲ್ಲಿ ಮಾತ್ರ ಕೆಳಗಿನವನಾಗಿಯೇ ಉಳಿದ. ಅವನ ಹೆಸರು ರಾಡೊವಾನ್. ಎಲ್ಲರೂ ರಾಡೆ ಅನ್ನುತ್ತಿದ್ದರು. ಸರ್ಬಿಯಾದವನು, ಫುಟ್‌ಬಾಲ್ ಗೋಲ್‌ಕೀಪರ್ ಆಗಿದ್ದವನು. ನಾನೂ ಅವನನ್ನು ರಾಡೆ ಎಂದೇ ಕರೆಯುತ್ತಿದ್ದೆ. ನಮ್ಮಿಬ್ಬರ ಮಾತು ಇಂಗ್ಲಿಷಿನಲ್ಲೇ ನಡೆಯುತ್ತಿದ್ದುದರಿಂದ ನೀನೋ ನೀವೋ ಎಂಬ ತೊಡಕು ಬರಲಿಲ್ಲ. ಈಗ, ನನಗೂ ವಯಸ್ಸಾದ ಮೇಲೆ, ಕನ್ನಡದಲ್ಲಿ ಬರೆಯಲು ಕೂತಾಗ ಆ ಪ್ರಶ್ನೆ ಎದ್ದಿತು. 'ಅವರು' ಎಂದು ಬರೆದು ನೋಡಿದೆ. ಅದು ಬೇರೆ ಯಾರೋ ಅನ್ನಿಸಿತು. ಹಾಗಾಗಿ 'ಅವನು' ಎಂದೇ ಬರೆಯುತ್ತೇನೆ.

ನಮ್ಮದು ಪಕ್ಕದ ಮನೆಗೆ ಗೋಡೆ ಹಂಚಿಕೊಂಡ ಅರ್ಧ ಮನೆ. ಇಳಿಯುವ ವಿಮಾನಗಳು ಎಷ್ಟು ತಗ್ಗಿನಲ್ಲಿ ಬರುತ್ತಿದ್ದವೆಂದರೆ ಹಿತ್ತಿಲಲ್ಲಿ ನಿಂತರೆ ಅವುಗಳ ಚಕ್ರ ಕಾಣಿಸುತ್ತಿತ್ತು, ಅಡುಗೆಮನೆಯ ಸ್ಟೀಲ್ ಡಬ್ಬಿಗಳು ಒಂದಕ್ಕೊಂದು ತಾಗಿ ಸದ್ದು ಮಾಡುತ್ತಿದ್ದವು. ಮಾತನ್ನು ಅರ್ಧಕ್ಕೆ ನಿಲ್ಲಿಸಿ, ವಿಮಾನ ದಾಟಿದ ಮೇಲೆ ಅಲ್ಲಿಂದಲೇ ಮುಂದುವರಿಸುವುದು ನಮ್ಮ ಮನೆಯವರಿಗೆಲ್ಲ ಅಭ್ಯಾಸವಾಗಿತ್ತು. ಜಗಳದಲ್ಲೂ ಹಾಗೆಯೇ. ಅಪ್ಪ ತಿಪಟೂರಿನ ಕಡೆಯವನು. ಇಲ್ಲಿ ಕಾರ್ಖಾನೆಯೊಂದರಲ್ಲಿ ಲೇತ್ ಮೆಷೀನಿನ ಮೇಲೆ ಕೆಲಸ ಮಾಡುತ್ತಿದ್ದ. ನಾನು ಒಂದನೇ ಗ್ರೇಡಿನಲ್ಲಿದ್ದಾಗ ಹೆದ್ದಾರಿಯ ಮಂಜಿನಲ್ಲಿ ಟ್ರಕ್ಕಿಗೆ ಸಿಕ್ಕಿ ಹೋದ. ನನ್ನನ್ನು ನೋಡಿಕೊಳ್ಳಲೆಂದು ಅಜ್ಜಿ, ಅಪ್ಪನ ಅಮ್ಮ, ಅಷ್ಟು ಹೊತ್ತಿಗೆ ಬಂದಿದ್ದಳು. ಮಗ ಹೋದ ಮೇಲೆ ಚಿಕ್ಕಪ್ಪ ಊರಿಂದ ಫೋನ್ ಮಾಡಿ, ಇನ್ನು ನಿನಗಲ್ಲಿ ಏನು ಕೆಲಸ, ಬಂದುಬಿಡು ಎಂದು ಕರೆದ. ಮಗು ಇಲ್ಲಿದೆಯಲ್ಲ ಎಂದು ಅಜ್ಜಿ ಫೋನ್ ಇಟ್ಟಳಂತೆ. ಅತ್ತೆ ಸೊಸೆ ಒಬ್ಬರಿಗೊಬ್ಬರು ಅಂಥ ಪ್ರೀತಿಯವರೇನಲ್ಲ. ಆದರೆ ಸತ್ತವನ ಎರಡು ಕಡೆ ನಿಂತವರ ಹಾಗೆ, ಬಿಟ್ಟುಹೋಗಲು ಇಬ್ಬರಿಗೂ ಆಗಲಿಲ್ಲ.

ಅಮ್ಮ ವಿಮಾನಗಳಿಗೆ ಊಟ ಕಳಿಸುವ ದೊಡ್ಡ ಅಡುಗೆಮನೆಯೊಂದರಲ್ಲಿ ಕೆಲಸಕ್ಕಿದ್ದಳು. ಬೆಲ್ಟಿನ ಮುಂದೆ ನಿಂತು ಟ್ರೇಗಳಲ್ಲಿ ಬನ್ನು, ಬೆಣ್ಣೆ, ಸಲಾಡು ಜೋಡಿಸುವುದು. ಆ ಕೋಣೆ ಫ್ರಿಜ್ಜಿನ ಹಾಗೆ ತಣ್ಣಗಿರುತ್ತಿತ್ತಂತೆ. ಬೇಸಗೆಯಲ್ಲೂ ಸ್ವೆಟರಿನ ಮೇಲೆ ಬಿಳಿ ಕೋಟು ಹಾಕಿಕೊಂಡು ಹೋಗುತ್ತಿದ್ದಳು. ಆ ಟ್ರೇಗಳನ್ನು ವಿಮಾನದ ಬಾಗಿಲಿಗೆ ಏರಿಸುವ ಟ್ರಕ್ಕು ಓಡಿಸುತ್ತಿದ್ದವನು ರಾಡೆ. ಮನೆ ಹುಡುಕುತ್ತಿದ್ದಾನೆಂದು ತಿಳಿದು ಅಮ್ಮ ಬೇಸ್‌ಮೆಂಟು ತೋರಿಸಿದಳು. ಎರಡು ಚೀಲ ಹಿಡಿದು ಬಂದ. ಒಂದರಲ್ಲಿ ಬಟ್ಟೆ, ಇನ್ನೊಂದರಲ್ಲಿ ಗ್ಲೌಸು, ಬೂಟು, ಒಂದು ಚೆಂಡು. ಬಾಗಿಲಿನ ಚೌಕಟ್ಟಿಗೆ ತಲೆ ತಾಗದಂತೆ ಬಗ್ಗಿ ಒಳಗೆ ಬಂದವನ ಕೈಗಳನ್ನು ಅಜ್ಜಿ ನೋಡುತ್ತ ನಿಂತದ್ದು ನನಗೆ ನೆನಪಿದೆ. ಬೆರಳುಗಳು ಒಂದೊಂದೂ ಒಂದೊಂದು ದಿಕ್ಕಿಗೆ ತಿರುಗಿದ್ದವು. ಎಡಗೈಯ ಕಿರುಬೆರಳು ಪೂರ್ತಿ ಹೊರಕ್ಕೆ ಬಾಗಿತ್ತು. ಏನೋ ಮಾಡಬಾರದ್ದು ಮಾಡಿ ಏಟು ತಿಂದ ಕೈ ಎಂದು ಅಜ್ಜಿ ಅವತ್ತೇ ತೀರ್ಮಾನಿಸಿಬಿಟ್ಟಳು.

ಅವನು ತನ್ನ ಕಥೆಯನ್ನು ಕೇಳಿದವರಿಗೆಲ್ಲ ಒಂದೇ ರೀತಿ ಹೇಳುತ್ತಿದ್ದ. ಡ್ಯಾನ್ಯೂಬ್ ನದಿಯ ದಂಡೆಯ ಊರು. ಹದಿಹರೆಯದಲ್ಲೇ ಊರಿನ ಕ್ಲಬ್ಬಿನ ಗೋಲ್‌ಕೀಪರ್. ಆ ಕ್ಲಬ್ಬು ದೇಶದ ಮೊದಲ ದರ್ಜೆಯ ಲೀಗಿನಲ್ಲಿ ಆಡುತ್ತಿತ್ತು. ಆಮೇಲೆ ಟೊರೊಂಟೋದ ತಂಡವೊಂದು ಕರೆಯಿತು, ಬಂದ. ಬಂದ ಸ್ವಲ್ಪ ದಿನಕ್ಕೆ ಆ ಕಡೆ ಯುದ್ಧ ಶುರುವಾಯಿತು, ಈ ಕಡೆ ತಂಡ ಮುಚ್ಚಿತು. ತಿರುಗಿ ಹೋಗಿದ್ದರೆ ಬಂದೂಕು ಹಿಡಿಯಬೇಕಿತ್ತು. ಉಳಿದುಕೊಂಡ. ಕೇಳಿದವರು ಅಯ್ಯೋ ಪಾಪ ಅನ್ನುತ್ತಿದ್ದರು. ಅವನು ಮಾತು ಬದಲಿಸುತ್ತಿದ್ದ.

ಅವನೂ ಅಮ್ಮನೂ ಯಾವಾಗ ಹತ್ತಿರವಾದರೋ ನನಗೆ ಗೊತ್ತಿಲ್ಲ. ಇಬ್ಬರೂ ಒಂದೇ ಶಿಫ್ಟಿನಿಂದ ಅವನ ಹಳೇ ಕಾರಿನಲ್ಲಿ ಬರುತ್ತಿದ್ದರು. ಡ್ರೈವ್‌ವೇಯಲ್ಲಿ ಇಂಜಿನ್ ಆಫ್ ಮಾಡಿದ ಮೇಲೂ ಇಳಿಯದೆ ಕೂತಿರುತ್ತಿದ್ದರು. ಅಜ್ಜಿ ಕಿಟಕಿಯ ಪರದೆ ಸರಿಸಿ ನೋಡುತ್ತಿದ್ದಳು. ಮದುವೆ ಸಿಟಿ ಹಾಲಿನಲ್ಲಾಯಿತು. ನಮ್ಮ ಕಡೆಯಿಂದ ನಾನೊಬ್ಬಳೇ. ಅವತ್ತು ಮನೆಗೆ ಬಂದಾಗ ಅಜ್ಜಿ ಅಡುಗೆಮನೆಯ ಹೊಸ್ತಿಲಲ್ಲಿ ಕುರ್ಚಿ ಹಾಕಿಕೊಂಡು ಕೂತಿದ್ದಳು.

"ವಾರಿಜಾ, ನೀನು ಯಾರನ್ನ ಬೇಕಾದ್ರೂ ಕಟ್ಕೋ. ನಾನು ಕೇಳೋಳಲ್ಲ. ಆದ್ರೆ ಇದರೊಳಗೆ ಅವನು ಕಾಲಿಡಕೂಡದು," ಅಂದಳು.

ಅಮ್ಮ ಆಯ್ತು ಅತ್ತೆ ಅಂದಳು. ಅಷ್ಟರ ಮೇಲೆ ನಮ್ಮ ಮನೆ ನಡೆಯಿತು. ರಾಡೆ ತನ್ನ ಹೊಗೆಹಾಕಿದ ಮಾಂಸ, ಎಲೆಕೋಸಿನ ಎಲೆಯಲ್ಲಿ ಸುತ್ತಿದ ಖೀಮಾ ಎಲ್ಲವನ್ನೂ ಗರಾಜಿನಲ್ಲಿ ಒಂದು ಎಲೆಕ್ಟ್ರಿಕ್ ಒಲೆಯ ಮೇಲೆ ಮಾಡಿಕೊಳ್ಳುತ್ತಿದ್ದ. ಚಳಿಗಾಲದಲ್ಲಿ ಟೋಪಿ, ಜಾಕೆಟು ಹಾಕಿಕೊಂಡು ಅಲ್ಲೇ ನಿಂತು ತಿನ್ನುತ್ತಿದ್ದ. ವಾಸನೆ ಬಾಗಿಲ ಸಂದಿಯಿಂದ ಬಂದರೆ ಅಜ್ಜಿ ಒಗ್ಗರಣೆ ಹಾಕಿ ಅದನ್ನು ಮುಳುಗಿಸುತ್ತಿದ್ದಳು. ಅಮ್ಮ ಮಾಡಿದ ಸಾರು ಅನ್ನವನ್ನು ಅವನು ಹಾಲ್‌ನಲ್ಲಿ ಕೂತು, ಚಮಚದಲ್ಲಿ, ಯಾವ ದೂರೂ ಇಲ್ಲದೆ ಉಣ್ಣುತ್ತಿದ್ದ. ಮಿಸಿಸಾಗದಿಂದ ಸರಳಾ ಆಂಟಿಯ ಮನೆಯವರು ಮೊದಲು ಪ್ರತಿ ಹಬ್ಬಕ್ಕೂ ಕರೆಯುತ್ತಿದ್ದರು. ಆಂಟಿ ಅಪ್ಪನ ಕಡೆಯ ದೂರದ ನೆಂಟಳು. ಮದುವೆಯ ನಂತರ ಕರೆಯುವುದು ನಿಂತಿತು. ಅಜ್ಜಿಯನ್ನು ಮಾತ್ರ ಬಂದು ಕರೆದುಕೊಂಡು ಹೋಗಿ, ಡ್ರೈವ್‌ವೇಯಲ್ಲೇ ಇಳಿಸಿ ಹೋಗುತ್ತಿದ್ದರು.

ಆ ವರ್ಷಗಳ ಒಂದು ಜಗಳ ಇನ್ನೂ ಕಿವಿಯಲ್ಲಿದೆ. ರಾಡೆಯ ಮನೆತನಕ್ಕೆ ಒಬ್ಬ ಸಂತ ಇದ್ದ, ನಮ್ಮಲ್ಲಿ ಮನೆದೇವರಿದ್ದ ಹಾಗೆ. ಚಳಿಗಾಲದಲ್ಲಿ ಬರುವ ಆ ಸಂತನ ದಿನ ಉದ್ದನೆಯ ಮೇಣದಬತ್ತಿ ಹಚ್ಚಿ, ಬೇಯಿಸಿದ ಗೋಧಿಗೆ ಸಕ್ಕರೆ, ಅಕ್ರೋಟು ಬೆರೆಸಿ ಇಟ್ಟು, ಮನೆತನದಲ್ಲಿ ತೀರಿಹೋದವರ ಹೆಸರುಗಳನ್ನು ಹೇಳುತ್ತಾರೆ. ಆ ವರ್ಷ ಹಾಲ್‌ನ ಮೇಜಿನ ಮೇಲೆ ಅದನ್ನಿಡಲು ಅಮ್ಮ ಒಪ್ಪಿಗೆ ಕೊಟ್ಟಿದ್ದಳು. ಗೋಧಿ ಬೇಯಿಸಿದ್ದು ಗರಾಜಿನಲ್ಲೇ. ಅಜ್ಜಿ ತನ್ನ ಕೋಣೆಯ ಬಾಗಿಲಲ್ಲಿ ನಿಂತು ನೋಡುತ್ತಿದ್ದಳು. ಗೋಧಿ, ಸಕ್ಕರೆ, ದೀಪ. ಅವಳಿಗೆ ಅರ್ಥವಾಗದಂಥದ್ದು ಅದರಲ್ಲಿ ಏನೂ ಇರಲಿಲ್ಲ. ರಾಡೆ ಅವನ ಭಾಷೆಯಲ್ಲಿ ಒಂದೊಂದೇ ಹೆಸರು ಹೇಳುತ್ತ ಹೋದ. ಕೊನೆಯಲ್ಲಿ, ಸ್ವಲ್ಪ ತಡೆದು, "ನಾಗರಾಜ್" ಅಂದ. ಅದು ಅಪ್ಪನ ಹೆಸರು. ಒಳ್ಳೆಯ ಮನಸ್ಸಿನಿಂದಲೇ ಹೇಳಿದ್ದ. ಅಮ್ಮನ ಕಣ್ಣು ತುಂಬಿತು. ಅಜ್ಜಿ ಬಂದು ಮೇಜಿನ ಎದುರು ನಿಂತಳು.

"ನನ್ನ ಮಗನ ಹೆಸರು ಅವನ ಬಾಯಲ್ಲಿ ಯಾಕೆ? ಹೆಂಡತಿ ಆಯ್ತು, ಮನೆ ಆಯ್ತು. ಅದೊಂದಾದ್ರೂ ನನಗೆ ಬಿಡೋಕೆ ಹೇಳು," ಅಂದಳು.

ನನ್ನ ಕಡೆ ನೋಡಿ ಹೇಳಿದ್ದಳು. ಅವರಿಬ್ಬರ ನಡುವೆ ಮಾತು ಹೊತ್ತು ಹಾಕುವ ಕೆಲಸ ನನ್ನದಾಗಿತ್ತು. ನಾನು ಹೇಳುವ ಮೊದಲೇ ರಾಡೆಗೆ ತಿಳಿದಿತ್ತು. ಅವನು ಮೇಣದಬತ್ತಿಯನ್ನು ಆರಿಸಿ ತಟ್ಟೆ ಎತ್ತಿಕೊಂಡು ಗರಾಜಿಗೆ ಹೋದ. ಅಜ್ಜಿ ಮಾರನೇ ದಿನ ಸಂಜೆಯವರೆಗೂ ಅನ್ನ ಮುಟ್ಟಲಿಲ್ಲ. ಸಿಟ್ಟು ಬಂದರೆ ಉಪವಾಸ ಕೂರುವುದು ಅವಳ ಪದ್ಧತಿ.

ಆಟ ಮಾತ್ರ ಅವನನ್ನು ಬಿಟ್ಟಿರಲಿಲ್ಲ. ಭಾನುವಾರಗಳಲ್ಲಿ ಸರ್ಬಿಯನ್ನರ ಹವ್ಯಾಸಿ ತಂಡಕ್ಕೆ ಆಡುತ್ತಿದ್ದ. ಮಂಡಿ ಕೈಕೊಟ್ಟ ಮೇಲೆ ಕೋಚ್ ಆದ. ಬೇಸ್‌ಮೆಂಟಿನ ನೆಲಕ್ಕೆಲ್ಲ ಹಳೇ ಹಾಸಿಗೆ ಹಾಸಿ, ಗೋಡೆಗೆ ಟೆನಿಸ್ ಚೆಂಡು ಹೊಡೆದು, ಪುಟಿದು ಬಂದದ್ದನ್ನು ಹಿಡಿಯಲು ನನಗೆ ಕಲಿಸಿದ. ಚೆಂಡಿನ ಹಿಂದೆ ಯಾವಾಗಲೂ ಮೈ ಇರಬೇಕು, ಕೈಯನ್ನಷ್ಟೇ ನಂಬಬಾರದು ಅನ್ನುತ್ತಿದ್ದ. ನನಗೆ ಅಂಥ ಪ್ರತಿಭೆಯೇನೂ ಇರಲಿಲ್ಲ, ಅದು ಅವನಿಗೂ ಗೊತ್ತಿತ್ತು. ಆದರೂ ಹೈಸ್ಕೂಲಿಗೆ ಹೋಗುವವರೆಗೆ ಬಿಡದೆ ಕಲಿಸಿದ. ಜೋರಾಗಿ ಬರುವುದರ ಎದುರು ಕಣ್ಣು ಮುಚ್ಚದಿರುವುದನ್ನು ನಾನು ಕಲಿತದ್ದು ಅಲ್ಲಿ. ಆಮೇಲೆ ಓಕ್‌ವಿಲ್‌ನ ಒಂದು ಕ್ಲಬ್ಬು ಗೋಲ್‌ಕೀಪರುಗಳಿಗೆ ಕಲಿಸಲು ಅವನನ್ನು ಕರೆಯಿತು. ಕೆರೆಯ ಹಾಗೆ ನುಣುಪಾದ ಹುಲ್ಲಿನ ಮೈದಾನ, ದೊಡ್ಡ ಕಾರುಗಳಲ್ಲಿ ಬಂದಿಳಿಯುವ ಮಕ್ಕಳು. ಶನಿವಾರ ಅಲ್ಲಿಗೆ ಹೊರಡುವಾಗ ಶೇವ್ ಮಾಡಿಕೊಂಡು, ಇಸ್ತ್ರಿ ಮಾಡಿದ ಟ್ರ್ಯಾಕ್‌ಸೂಟು ಹಾಕಿಕೊಂಡು, ಬೇರೆಯೇ ಮನುಷ್ಯನಾಗುತ್ತಿದ್ದ. ಆರನ್ ಎಂಬ ಹುಡುಗನ ಬಗ್ಗೆ ಊಟದ ಹೊತ್ತಿನಲ್ಲಿ ಅಮ್ಮನಿಗೆ ಎಷ್ಟು ಹೇಳಿದರೂ ಸಾಕಾಗುತ್ತಿರಲಿಲ್ಲ; ಅಂಥ ಪಾದ, ಅಂಥ ಧೈರ್ಯ ತಾನು ಆ ವಯಸ್ಸಿಗೆ ಕಂಡಿಲ್ಲವಂತೆ.

ಅದೂ ಉಳಿಯಲಿಲ್ಲ. ಅವನ ಊರಿನ ಮೇಲೆ, ಕೆನಡಾವೂ ಸೇರಿದ್ದ ನೇಟೋ ಕೂಟದ ವಿಮಾನಗಳು ಬಾಂಬು ಹಾಕತೊಡಗಿದ ವಸಂತದಲ್ಲಿ ನಮ್ಮ ಮನೆಯ ಟಿವಿ ಆರಲಿಲ್ಲ. ಅವನು ಚಿಕ್ಕಂದಿನಲ್ಲಿ ದಾಟುತ್ತಿದ್ದ ಸೇತುವೆ ನೀರಲ್ಲಿ ಬಿದ್ದಿದ್ದನ್ನು ಟಿವಿಯಲ್ಲೇ ನೋಡಿದ. ಅಲ್ಲಿದ್ದ ಅವನ ಅಣ್ಣನ ಮನೆಗೆ ಫೋನ್ ಸಿಗುತ್ತಿರಲಿಲ್ಲ. ನಮ್ಮ ಸೂರಿನ ಮೇಲೆ ವಿಮಾನ ಹಾದಾಗಲೆಲ್ಲ ಅವನ ಕೈ ಮೇಜಿನ ಅಂಚನ್ನು ಹಿಡಿಯುತ್ತಿತ್ತು. ಟೊರೊಂಟೋದಲ್ಲಿ ಪ್ರತಿಭಟನೆಗೆ ಹೋಗಿ ನಿಂತ. ಅವನ ಮುಖ ಸುದ್ದಿಯಲ್ಲಿ ಬಂತು. ಓಕ್‌ವಿಲ್‌ನ ಕೆಲವು ತಂದೆತಾಯಿಗಳು ನೋಡಿದ್ದರು. ಸ್ವಲ್ಪ ಕಾಲ ಬರುವುದು ಬೇಡ ಎಂದು ಕ್ಲಬ್ಬಿನವರು ಮೃದುವಾಗಿಯೇ ಹೇಳಿದರಂತೆ. ಆ ಸ್ವಲ್ಪ ಕಾಲ ಮುಗಿಯಲೇ ಇಲ್ಲ. ಅಣ್ಣ ಬದುಕಿದ್ದಾನೆಂದು ಬೇಸಗೆಯಲ್ಲಿ ತಿಳಿಯಿತು. ಆ ಹೊತ್ತಿಗೆ ರಾಡೆ ಇಸ್ತ್ರಿ ಮಾಡಿದ ಟ್ರ್ಯಾಕ್‌ಸೂಟನ್ನು ಪ್ಲಾಸ್ಟಿಕ್ ಚೀಲಕ್ಕೆ ಹಾಕಿ ಬೇಸ್‌ಮೆಂಟಿನಲ್ಲಿ ಇಟ್ಟಿದ್ದ.

ಮಾರನೇ ವರ್ಷ ಅಜ್ಜಿಗೆ ಲಕ್ವ ಹೊಡೆಯಿತು. ದೇವರ ಮುಂದೆ ಬತ್ತಿ ಹೊಸೆಯುತ್ತ ಕೂತವಳು ಹಾಗೇ ಬಲಕ್ಕೆ ವಾಲಿಬಿಟ್ಟಳು. ಆಸ್ಪತ್ರೆಯಿಂದ ಮನೆಗೆ ಬಂದಾಗ ಬಲಭಾಗ ಪೂರ್ತಿ ಹೋಗಿತ್ತು, ಮಾತು ತೊದಲುತ್ತಿತ್ತು. ಬೆಳಿಗ್ಗೆ ಹೋಮ್‌ಕೇರಿನ ಹೆಂಗಸೊಬ್ಬಳು ಬಂದು ಮೈ ತೊಳೆದು ಹೋಗುತ್ತಿದ್ದಳು. ಅಮ್ಮನದು ಡೇ ಶಿಫ್ಟು, ನನಗೆ ಶಾಲೆ. ರಾಡೆ ಆಗ ವಿಮಾನ ನಿಲ್ದಾಣದ ಕಾರ್ಗೋದಲ್ಲಿ ಸಂಜೆಯ ಪಾಳಿಗೆ ಸೇರಿದ್ದ. ಹಗಲೆಲ್ಲ ಮನೆಯಲ್ಲಿ ಇರುತ್ತಿದ್ದವರು ಅವರಿಬ್ಬರೇ.

ಅವನು ಮೊದಲ ಸಲ ಅಜ್ಜಿಯನ್ನು ಹಾಸಿಗೆಯಿಂದ ಗಾಲಿಕುರ್ಚಿಗೆ ಎತ್ತಿದಾಗ ನಾನಿದ್ದೆ. ಒಂದು ತೋಳು ಬೆನ್ನಿಗೆ, ಒಂದು ಮಂಡಿಯ ಕೆಳಗೆ. ಸೀರೆ ಒಂಚೂರೂ ಜಾರದ ಹಾಗೆ ಹೊದಿಕೆ ಸಮೇತ ಎತ್ತಿದ. ಅಜ್ಜಿ ಕಣ್ಣು ಮುಚ್ಚಿಕೊಂಡಿದ್ದಳು. ಮುಚ್ಚಿದ ಕಣ್ಣಿಂದ ನೀರು ಇಳಿಯುತ್ತಿತ್ತು. ಮಧ್ಯಾಹ್ನದ ಗಂಜಿಗೆ ಅವನು ಅಡುಗೆಮನೆಗೆ ಹೋಗಲೇಬೇಕಾಯಿತು. ಯಾರೂ ಹೇಳದಿದ್ದರೂ ಅವಳ ಗಂಜಿಗೆಂದು ಹೊಸ ಪಾತ್ರೆ ತಂದು, ಬೇರೆ ಶೆಲ್ಫಿನಲ್ಲಿ ಇಟ್ಟಿದ್ದ. ಅದರಲ್ಲಿ ಇನ್ನೇನನ್ನೂ ಮಾಡುತ್ತಿರಲಿಲ್ಲ. ಅವನೇನೂ ದೇವರಂಥವನಾಗಿರಲಿಲ್ಲ. ಅವಳು ಹಾಸಿಗೆ ಒದ್ದೆ ಮಾಡಿದರೆ ತನ್ನ ಭಾಷೆಯಲ್ಲಿ ಬೈಯುತ್ತಿದ್ದ, ಬಾಗಿಲು ದಢಾರನೆ ಹಾಕುತ್ತಿದ್ದ. ಅವಳೂ ಒಳಗಿಂದ ತೊದಲುತ್ತ ಬೈಯುತ್ತಿದ್ದಳು. ಒಬ್ಬರದು ಇನ್ನೊಬ್ಬರಿಗೆ ತಿಳಿಯುತ್ತಿರಲಿಲ್ಲ.

ಹೀಗೆ ಎರಡು ಚಳಿಗಾಲ ಕಳೆಯುತ್ತ ಬಂದಾಗ, ಅವನಿಗೆ ರಜೆಯಿದ್ದ ಒಂದು ಸಂಜೆ ವ್ಯಾಂಕೂವರಿನಿಂದ ಫೋನ್ ಬಂತು. ರಾಡೆಯ ಜೊತೆ ಹಿಂದೆ ಟೊರೊಂಟೋದಲ್ಲಿ ಆಡಿದ್ದವನೊಬ್ಬ ಅಲ್ಲಿಯ ವೃತ್ತಿಪರ ತಂಡಕ್ಕೆ ಮುಖ್ಯ ಕೋಚ್ ಆಗಿದ್ದ. ಗೋಲ್‌ಕೀಪಿಂಗ್ ಕೋಚ್ ಬೇಕಾಗಿದೆ, ನೀನು ಬಾ ಎಂದು ಕರೆದ. ಸಂಬಳದ ಕೆಲಸ, ತುಂಬಿದ ಸ್ಟೇಡಿಯಮ್ಮು. ಟ್ರಕ್ಕು ಓಡಿಸುತ್ತ, ಪೆಟ್ಟಿಗೆ ಹೊರುತ್ತ ಅವನು ಇಷ್ಟು ವರ್ಷ ಕಾದದ್ದು ಇದಕ್ಕೇ ಎಂದು ನಾವೆಲ್ಲ ಅಂದುಕೊಂಡೆವು. ವಸಂತದೊಳಗೆ ಉತ್ತರ ಹೇಳಬೇಕಿತ್ತು. ಹೋಗು, ನಾವು ಹೇಗೋ ಮಾಡಿಕೊಳ್ಳುತ್ತೇವೆ ಎಂದು ಅಮ್ಮ ಹೇಳಿದಳು. ಅಜ್ಜಿಯನ್ನು ಎತ್ತುವವರು ಯಾರು ಎಂದು ಅವನು ಕೇಳಿದ. ವೃದ್ಧರ ನರ್ಸಿಂಗ್ ಹೋಮಿನಲ್ಲಿ ಜಾಗ ಸಿಗುವುದು ಇನ್ನೂ ದೂರವಿತ್ತು. ನೋಡೋಣ ಅಂದ. ನೋಡೋಣ ಅನ್ನುತ್ತಲೇ ದಿನ ಕಳೆದ.

ಗೋಡೆಯ ಆಚೆಯಿಂದ ಅಜ್ಜಿ ಎಲ್ಲವನ್ನೂ ಕೇಳಿಸಿಕೊಂಡಿದ್ದಳು. ಇಂಗ್ಲಿಷು ಬಾರದಿದ್ದರೂ ಅಮ್ಮ ನನ್ನೊಡನೆ ಕನ್ನಡದಲ್ಲಿ ಆಡಿದ್ದು ಸಾಕಾಗಿತ್ತು. ಅವಳು ಊಟ ಬಿಟ್ಟಳು. ಅಮ್ಮ ತಿನ್ನಿಸಲು ಹೋದರೆ ಬಾಯಿ ಬಿಗಿ, ನಾನು ಹೋದರೆ ಮುಖ ಗೋಡೆಗೆ. ನೀರು ಮಾತ್ರ ಕುಡಿಯುತ್ತಿದ್ದಳು. ಹೀಗೇ ಆದರೆ ಆಸ್ಪತ್ರೆಗೆ ಸೇರಿಸಿ ಮೂಗಿನಿಂದ ನಳಿಕೆ ಹಾಕಬೇಕಾಗುತ್ತದೆ ಎಂದು ಡಾಕ್ಟರು ಹೇಳಿದರು. ನಾನು ಅತ್ತುಕೊಂಡು ಯಾಕಜ್ಜೀ ಎಂದು ಕೇಳಿದಾಗ, ನೆಟ್ಟಗಿದ್ದ ಅರ್ಧ ಬಾಯಿಂದ ಒಂದೇ ಮಾತು ಹೇಳಿದಳು.

"ನಾನಿದ್ರೆ ಅವನು ಹೋಗಲ್ಲ."

ಅದು ಶಾಲೆಗೆ ಮಾರ್ಚ್ ರಜೆಯ ವಾರ. ಅಮ್ಮ ಕೆಲಸಕ್ಕೆ ಹೋಗಿದ್ದಳು. ಮಧ್ಯಾಹ್ನ ರಾಡೆ ಗಂಜಿಗೆ ಮಜ್ಜಿಗೆ, ಉಪ್ಪು ಬೆರೆಸಿ ತಂದು ಹಾಸಿಗೆಯ ಪಕ್ಕ ಕೂತ. ಅವಳು ಬಾಯಿ ತೆರೆಯಲಿಲ್ಲ. ಅವನಿಗೆ ಬರುತ್ತಿದ್ದ ನಾಲ್ಕು ಕನ್ನಡ ಮಾತಿನಲ್ಲಿ, ಅಜ್ಜಿ ಊಟ ಮಾಡಿ ಎಂದ. ಎರಡನೇ ಸಲ ಎಂದ. ಆಮೇಲೆ ಚಮಚ ಬಟ್ಟಲಿಗೆ ಹಾಕಿ ನನ್ನ ಕಡೆ ತಿರುಗಿದ. ನಿನಗೆ ಕಾರಣ ಗೊತ್ತು, ಹೇಳು ಅಂದ. ನಾನು ಅಜ್ಜಿಯ ಮಾತನ್ನು ಅವನಿಗೆ ಹೇಳಿದೆ. ಒಂದು ವಿಮಾನ ಹೋಯಿತು. ಅದು ಪೂರ್ತಿ ದಾಟುವವರೆಗೆ ಕಾದು, ಮಾತು ಶುರುಮಾಡಿದ. ಅವನ ಇಂಗ್ಲಿಷು ಮುರುಕು ಇಂಗ್ಲಿಷು. ಅವತ್ತು ಇನ್ನೂ ಮುರಿದಿತ್ತು.

"ನಾನು ಹೇಳೋದನ್ನೆಲ್ಲ ಇವಳಿಗೆ ಹೇಳು. ಚೆಂದ ಮಾಡಬೇಡ. ಇವಳಿಗೋಸ್ಕರ ನಾನು ಉಳೀತಿಲ್ಲ. ನನಗೆ ಹೋಗೋಕೆ ಹೆದರಿಕೆ."

ನಾನು ಹೇಳಿದೆ. ಅಜ್ಜಿ ಗೋಡೆಯ ಕಡೆಯಿಂದ ಮುಖ ತಿರುಗಿಸಿದಳು. ಅವನು ಒಂದೊಂದೇ ವಾಕ್ಯ ಹೇಳಿ ನಿಲ್ಲಿಸುತ್ತಿದ್ದ, ನಾನು ಕನ್ನಡ ಮಾಡುತ್ತಿದ್ದೆ. ಸೀಸನ್ನಿನ ಕೊನೆಯ ಪಂದ್ಯ. ಸಮ ಮಾಡಿಕೊಂಡಿದ್ದರೂ ಅವನ ಕ್ಲಬ್ಬು ಮೊದಲ ದರ್ಜೆಯಲ್ಲಿ ಉಳಿಯುತ್ತಿತ್ತು. ಇನ್ನೇನು ಮುಗಿಯಿತು ಅನ್ನುವಾಗ ಒಂದು ಚೆಂಡು ಬಂತು, ದೂರದಿಂದ, ಮೆತ್ತಗೆ, ಮಗುವೂ ಹಿಡಿಯಬಹುದಾದದ್ದು. ಅವನು ಹಿಡಿದ. ಹಿಡಿದದ್ದು ಜಾರಿ ಕಾಲ ಸಂದಿಯಿಂದ ಒಳಗೆ ಹೋಯಿತು. ಕ್ಲಬ್ಬು ಕೆಳಗಿಳಿಯಿತು. ಊರಿನವರು ಅವನ ಅಪ್ಪನ ಮನೆಯ ಕಿಟಕಿಗಳನ್ನು ಒಡೆದರು. ದುಡ್ಡು ತಿಂದು ಗೋಲು ಬಿಟ್ಟುಕೊಟ್ಟ ಎಂದು ಗೋಡೆಯ ಮೇಲೆ ಬರೆದರು. ಆ ಅಪ್ಪ ಸಾಯುವವರೆಗೂ ಅವನೊಡನೆ ಮಾತಾಡಲಿಲ್ಲ. ಕೆನಡಾಕ್ಕೆ ಯಾರೂ ಅವನನ್ನು ಕರೆದಿರಲಿಲ್ಲ. ಅವನೇ ಬೇಡಿಕೊಂಡು ಬಂದಿದ್ದ. ಯುದ್ಧ ಶುರುವಾದದ್ದು ಅದರ ನಂತರ.

"ಯುದ್ಧ ಬಂತು, ಎಲ್ಲರೂ ಆ ಗೋಲನ್ನ ಮರೆತರು. ಅಲ್ಲಿ ಜನ ಸಾಯ್ತಿದ್ರು, ನನಗೆ ಇಲ್ಲಿ ಸಮಾಧಾನ ಆಯ್ತು. ಅಂಥ ಮನುಷ್ಯ ನಾನು. ಇದನ್ನೂ ಹೇಳು."

ಇದನ್ನೂ ಹೇಳಿದೆ. ಮಕ್ಕಳ ಜೊತೆಗಾದರೆ ಇರಬಲ್ಲೆ, ಆದರೆ ತುಂಬಿದ ಸ್ಟೇಡಿಯಮ್ಮಿನಲ್ಲಿ ಬೆಂಚಿನ ಮೇಲೆ ಕೂರಲು ಆಗುವುದಿಲ್ಲ ಅಂದ. ಯಾರಾದರೂ ಒಬ್ಬ ತನ್ನ ದೇಶದವನು ಎದ್ದು ಆ ಪಂದ್ಯದ ಮಾತು ತೆಗೆದೇ ತೆಗೆಯುತ್ತಾನೆ ಅಂದ. ಅಜ್ಜಿಯ ಕಾಯಿಲೆ ತನಗೆ ಸಿಕ್ಕ ನೆಪ, ಅವಳು ಉಪವಾಸ ಸತ್ತರೂ ತಾನು ಇನ್ನೊಂದು ನೆಪ ಹುಡುಕುವವನೇ ಅಂದ. ನನ್ನದು ಆಗ ಬರೀ ಮನೆಯ ಕನ್ನಡ. ಅವನ ಎಷ್ಟೋ ಮಾತಿಗೆ ನನ್ನಲ್ಲಿ ಪದವಿರಲಿಲ್ಲ. ಅವಮಾನಕ್ಕೆ ಮರ್ಯಾದೆ ಹೋಯ್ತು ಅಂದೆ, ನೆಪಕ್ಕೆ ಸುಳ್ಳುಕಾರಣ ಅಂದೆ. ಅಜ್ಜಿ ಅವನ ಮುಖವನ್ನೇ ನೋಡುತ್ತ ಎಲ್ಲ ಕೇಳಿಸಿಕೊಂಡಳು.

"ಒಂದು ಚೆಂಡಿಗೇ?" ಅಂದಳು.

ನಾನು ಹೇಳಿದೆ. ಅವನು ಹೌದು, ಒಂದು ಚೆಂಡಿಗೆ ಎಂದ.

ಅಜ್ಜಿ ಬಾಯಿ ತೆರೆದಳು. ಅದು ಏನನ್ನೋ ಹೇಳಲಿಕ್ಕೆ ಎಂದು ನಾನು ಅಂದುಕೊಂಡೆ. ಅವನಿಗೆ ಮೊದಲೇ ತಿಳಿಯಿತು, ಚಮಚ ಎತ್ತಿದ. ಅರ್ಧ ಬಟ್ಟಲು ಗಂಜಿ ಹೋಯಿತು. ಗಲ್ಲದ ಮೇಲೆ ಸೋರಿದ್ದನ್ನು ಅವನು ಆ ಸೊಟ್ಟ ಕಿರುಬೆರಳಿಂದ ಒರೆಸುತ್ತಿದ್ದ. ಮುಗಿದ ಮೇಲೆ ಅಜ್ಜಿ ನನ್ನನ್ನು ಹತ್ತಿರ ಕರೆದಳು.

"ವಾರಿಜಂಗೆ ಗೊತ್ತಾ?"

ಇಲ್ಲ ಅಂದೆ.

"ಹೇಳ್ಬೇಡ. ನೊಂದ್ಕೋತಾಳೆ."

ಅವನು ಏನಂತೆ ಎಂದು ಕೇಳಿದ. ಹೇಳಿದೆ. ತಲೆಯಾಡಿಸಿ ಬಟ್ಟಲು ತೊಳೆಯಲು ಎದ್ದುಹೋದ. ಅಡುಗೆಮನೆಯಲ್ಲಿ ನಲ್ಲಿಯ ನೀರು ಬಹಳ ಹೊತ್ತು ಸುರಿಯುತ್ತಲೇ ಇತ್ತು.

ವ್ಯಾಂಕೂವರಿಗೆ ಅವನು ಬರಲಾಗದೆಂದು ಹೇಳಿದ. ಅಜ್ಜಿ ಮತ್ತೊಂದು ಚಳಿಗಾಲದವರೆಗೆ ಬದುಕಿದಳು. ಅವರಿಬ್ಬರ ಬೈಗುಳ ನಿಲ್ಲಲಿಲ್ಲ, ಆದರೆ ಎತ್ತುವಾಗ ಅವಳು ಕಣ್ಣು ಮುಚ್ಚಿಕೊಳ್ಳುವುದು ನಿಂತಿತು. ಸತ್ತಾಗ ಅವಳನ್ನು ಹಾಸಿಗೆಯಿಂದ ಕೊನೆಯ ಸಲ ಎತ್ತಿದವನು ಅವನೇ. ದಹನ ಮುಗಿಸಿ ಬಂದ ದಿನ ಸರಳಾ ಆಂಟಿಯ ಮನೆಯವರು ನಮ್ಮಲ್ಲಿಗೆ ಬಂದರು, ಎಷ್ಟೋ ವರ್ಷಗಳ ಮೇಲೆ ಒಳಗೆ ಕೂತರು. ಅಮ್ಮ ಅವರಿಗೆ ಹೇಳಿದಳು: ವ್ಯಾಂಕೂವರಿನಲ್ಲಿ ಅಷ್ಟು ದೊಡ್ಡ ಕೆಲಸ ಬಂದಿತ್ತು, ನಮ್ಮತ್ತೆಗೋಸ್ಕರ ಬೇಡ ಅಂದುಬಿಟ್ಟರು. ಆಂಟಿ ರಾಡೆಯನ್ನು ತಲೆಯೆತ್ತಿ ನೋಡಿದ್ದು ಅವತ್ತೇ ಮೊದಲು. ಹೊಟ್ಟೆಯಲ್ಲಿ ಹುಟ್ಟಿದ ಮಕ್ಕಳೂ ಹೀಗೆ ಮಾಡಲ್ಲ ಅಂದಳು. ರಾಡೆ ಎದ್ದು ಗರಾಜಿಗೆ ಹೋದ.

ಆ ಮಾತಿನಿಂದ ನಮಗೆ ಮನೆಗಳ ಬಾಗಿಲು ತೆರೆದವು. ಯುಗಾದಿಗೆ, ಗಣೇಶನ ಹಬ್ಬಕ್ಕೆ ಕರೆಯತೊಡಗಿದರು. ಹೋದಲ್ಲೆಲ್ಲ ಅಮ್ಮ ಅದನ್ನು ಹೇಳುತ್ತಿದ್ದಳು. ಹೆಮ್ಮೆಯಿಂದ, ಅವನ ತೋಳು ಮುಟ್ಟಿ ಹೇಳುತ್ತಿದ್ದಳು. ಅವನು ಅಲ್ಲಿಂದ ಎದ್ದುಹೋಗುತ್ತಿದ್ದ. ಮನೆಗೆ ಬಂದ ಮೇಲೆ ಗರಾಜಿನಲ್ಲಿ ಕುರ್ಚಿ ಹಾಕಿಕೊಂಡು ತನ್ನ ದೇಶದ ಪ್ಲಮ್ ಹಣ್ಣಿನ ಬ್ರಾಂದಿ ಕುಡಿಯುತ್ತಿದ್ದ. ಮೊದಲು ಹಬ್ಬದ ದಿನ ಮಾತ್ರ, ಆಮೇಲೆ ದಿನವೂ. ಒಮ್ಮೆ ಸರಳಾ ಆಂಟಿಯ ಮನೆಯಲ್ಲಿ ಹತ್ತಾರು ಜನರ ಎದುರು ಅಮ್ಮನಿಗೆ, ಸಾಕು ನಿಲ್ಲಿಸು ಎಂದು ಕೂಗಿ ತಟ್ಟೆ ನೂಕಿದ. ಅಜ್ಜಿ ಹೋದ ದುಃಖ ಎಂದು ಅಮ್ಮ ಸಮಾಧಾನ ಹೇಳಿದಳು. ನಾನು ಗರಾಜಿಗೆ ಹೋದಾಗ, ಅವಳು ಹಾಗೆ ಹೇಳಿದಾಗಲೆಲ್ಲ ಚೆಂಡು ಮತ್ತೆ ಕೈ ಜಾರುತ್ತೆ ಅಂದ. ಹಾಗಾದರೆ ಅಮ್ಮನಿಗೆ ನಿಜ ಹೇಳಿಬಿಡು ಎಂದೆ. ಇನ್ನು ಆಗಲ್ಲ, ಅವಳು ಆ ಮಾತಿನ ಮೇಲೆಯೇ ನಿಂತಿದ್ದಾಳೆ ಅಂದ. ನೀನೂ ಹೇಳಬೇಡ ಅಂದ.

ಆ ವರ್ಷಗಳಲ್ಲಿ ಅವನು ಮಾಲ್ಟನ್ನಿನ ಶಾಲೆಯ ಹಿಂದಿನ ಬೋಳು ಮೈದಾನದಲ್ಲಿ ನೆರೆಹೊರೆಯ ಮಕ್ಕಳಿಗೆ ಗೋಲ್‌ಕೀಪಿಂಗ್ ಹೇಳಿಕೊಡುತ್ತಿದ್ದ. ಪಂಜಾಬಿಗಳ, ಗಯಾನಾದವರ, ಸೊಮಾಲಿಗಳ ಮಕ್ಕಳು. ಮಂಡಿ ಬಗ್ಗದೆ, ಕಡೆಕಡೆಗೆ ಮಡಿಸುವ ಕುರ್ಚಿಯಲ್ಲಿ ಕೂತೇ ಚೆಂಡು ಎಸೆಯುತ್ತಿದ್ದ. ನಾನು ಯೂನಿವರ್ಸಿಟಿ ಮುಗಿಸಿ ಕೆಲಸಕ್ಕೆ ಸೇರಿದ ವರ್ಷ ಅವನ ಕಣ್ಣು ಹಳದಿಯಾಯಿತು. ಲಿವರ್ ಹೋಗಿತ್ತು. ಆಸ್ಪತ್ರೆಯಲ್ಲಿ ಅಮ್ಮ ರಜೆ ಹಾಕಿ ಪಕ್ಕದಲ್ಲೇ ಕೂತಿದ್ದಳು. ಬಂದ ನರ್ಸುಗಳಿಗೂ ವ್ಯಾಂಕೂವರಿನ ಕಥೆ ಹೇಳಿದಳು. ಆಗ ಎದ್ದುಹೋಗಲು ಅವನಿಗೆ ಶಕ್ತಿ ಇರಲಿಲ್ಲ. ಮುಖ ತಿರುಗಿಸಿದ.

ಅವರ ಚರ್ಚಿನಲ್ಲಿ ಕೊನೆಯ ಪ್ರಾರ್ಥನೆಯಾಗಿ, ಹೂಳಿ ಬಂದ ಮೇಲೆ, ಪಕ್ಕದ ಹಾಲ್‌ನಲ್ಲಿ ಊಟವಿತ್ತು. ಅಮ್ಮ ಬೂದುಬಣ್ಣದ ರೇಷ್ಮೆ ಸೀರೆಯ ಮೇಲೆ ಅವನ ಕರಿ ಕೋಟು ಹಾಕಿಕೊಂಡಿದ್ದಳು. ಓಕ್‌ವಿಲ್‌ನ ಆ ಆರನ್ ಬಂದಿದ್ದ. ಈಗ ದೊಡ್ಡವನಾಗಿದ್ದ, ಕಾಲೇಜಿನ ತಂಡಕ್ಕೆ ಆಡಿ ಬಿಟ್ಟಿದ್ದನಂತೆ. ಅಷ್ಟು ತಿಳಿದಿದ್ದ ಮನುಷ್ಯ ಯಾಕೆ ದೊಡ್ಡ ತಂ‍ಡಗಳಿಗೆ ಹೋಗಲಿಲ್ಲ ಎಂದು ಕೇಳಿದ. ಅಮ್ಮ ಅವನನ್ನು ಕೂರಿಸಿಕೊಂಡು ಮೊದಲಿನಿಂದ ಹೇಳಿದಳು. ಕೇಳುತ್ತ ಆ ಹುಡುಗ ಅತ್ತ. ಮೇಜಿನ ಸುತ್ತ ಇದ್ದ ಸರ್ಬಿಯನ್ ಹೆಂಗಸರೂ ಕಣ್ಣೊರೆಸಿಕೊಂಡರು.

ಮನೆಗೆ ಬರುವಾಗ ನಾನು ಕಾರು ಓಡಿಸುತ್ತಿದ್ದೆ. ಹೆದ್ದಾರಿಯಲ್ಲಿ ಹಿಮ ಕರಗಿದ ಕೆಸರು ಗಾಜಿಗೆ ಎರಚುತ್ತಿತ್ತು. ಅಮ್ಮ ಮುಂದೆ ನೋಡುತ್ತಲೇ ಕೇಳಿದಳು.

"ನಿಂಗಾದ್ರೂ ಹೇಳಿದ್ನಾ, ಅವನು ಯಾಕೆ ಹೋಗ್ಲಿಲ್ಲ ಅಂತ?"

ಅಜ್ಜಿಗೆ ಹೇಳಿದ್ದ, ನಾನು ಟ್ರಾನ್ಸ್‌ಲೇಟ್ ಮಾಡಿದ್ದೆ ಅಂದೆ. ನಿನಗೆ ಹೇಳಿರಲಿಲ್ಲವೇ ಎಂದು ಕೇಳಿದೆ.

"ನಂಗೆಲ್ಲಿ ಹೇಳ್ದ. ಆ ಫೋನ್ ಬಂದ ಸಂಜೆ ಬಾತ್‌ರೂಮಿಗೆ ಹೋಗಿ, ನಲ್ಲಿ ಬಿಟ್ಕೊಂಡು ವಾಂತಿ ಮಾಡ್ಕೊಂಡ. ನಾನು ಬಾಗಿಲ ಹೊರಗೆ ನಿಂತಿದ್ದೆ. ಕೆಲ್ಸ ಸಿಕ್ಕಿದ ಖುಷಿಗೆ ಯಾರಾದ್ರೂ ವಾಂತಿ ಮಾಡ್ಕೋತಾರಾ? ಏನಾಗಿತ್ತೋ ಏನೋ, ಅವನಿಗೆ ಆ ಜನರ ಭಯ. ಅಷ್ಟು ಗೊತ್ತಾಯ್ತು."

"ಮತ್ತೆ ಎಲ್ರಿಗೂ ಯಾಕಮ್ಮಾ ಹಾಗೆ ಹೇಳ್ತಿದ್ದೆ?"

"ಇನ್ನೇನು, ಹೆದರ್ಕೊಂಡ ಅಂತ ಹೇಳ್ಲಾ? ಆ ಕೆಲ್ಸನೂ ಇಲ್ಲ, ಓಕ್‌ವಿಲ್ಲೂ ಇಲ್ಲ, ದೇಶನೂ ಇಲ್ಲ. ಜನ ಅವನನ್ನ ನೋಡಿದ್ರೆ ಮರ್ಯಾದೆಯಿಂದ ನೋಡ್ಲಿ ಅಂತ."

ಅವಳಿಗೆ ಗೊತ್ತೆಂಬುದು ಅವನಿಗೆ ತಿಳಿದಿತ್ತೇ ಎಂದು ನಾನು ಕೇಳಬೇಕೆಂದಿದ್ದೆ. ಗೊತ್ತಿರಲಿಲ್ಲ ಎಂಬುದು ನನಗೆ ತಿಳಿದೇ ಇತ್ತು. ಒಂದೇ ಮನೆಯಲ್ಲಿ ಮೂವರು ಹೆಂಗಸರಿಗೂ ಆ ವಿಷಯ ತಿಳಿದಿತ್ತು. ಒಬ್ಬಳು ಇನ್ನೊಬ್ಬಳಿಗೆ ನೋವಾಗದಿರಲೆಂದು ಮುಚ್ಚಿಟ್ಟಳು, ಇನ್ನೊಬ್ಬಳು ಅವನಿಗೆ ನೋವಾಗದಿರಲೆಂದು. ನಾನು ಅಜ್ಜಿಯ ಮಾತನ್ನೂ ಅವನ ಮಾತನ್ನೂ ನಡೆಸಿದೆ. ಗರಾಜಿನ ಆ ತಣ್ಣನೆಯ ಸಿಮೆಂಟು ನೆಲ, ಕುರ್ಚಿ, ಬಾಟಲಿ, ಅಲ್ಲಿ ಅವನು ಕೂತ ಸಂಜೆಗಳು ಒಂದರ ಹಿಂದೊಂದು ಕಣ್ಣ ಮುಂದೆ ಬಂದವು. ಸ್ಟೀರಿಂಗನ್ನು ಗಟ್ಟಿಯಾಗಿ ಹಿಡಿದುಕೊಂಡೆ.

"ಹಾಗೆ ಹೇಳಿದ್ರೆ ಅವನಿಗೆ ಒಳಗೊಳಗೇ ಹಿತ ಆಗ್ತಿತ್ತು, ಅಲ್ವಾ?" ಎಂದು ಅಮ್ಮ ಕೇಳಿದಳು. "ಎದ್ದು ಹೋಗ್ಬಿಡ್ತಿದ್ದ. ನಾಚಿಕೆ ಸ್ವಭಾವ."

ಅವಳು ನನ್ನ ಕಡೆ ತಿರುಗಿ ಕಾಯುತ್ತಿದ್ದಳು. ನಾನು ರಸ್ತೆಯಿಂದ ಕಣ್ಣು ತೆಗೆಯಲಿಲ್ಲ.

"ಹೌದಮ್ಮ," ಅಂದೆ. "ನಾಚಿಕೆ."